ದಿನಕ್ಕೊಂದು ಎಳೆ

ಹೋದ ತಿಂಗಳು ಒಂದು ಮದುವೆಗೆಂದು ಕಲ್ಯಾಣದುರ್ಗಕ್ಕೆ ಹೋಗಿದ್ದೆ. ಬಸ್‌ಸ್ಟ್ಯಾಂಡಿನ ಪಕ್ಕದ ಹೋಟೆಲಿನವರು ಈಗಲೂ ಕಡಲೆಕಾಯಿ ಹೊಟ್ಟು ಸುರಿದೇ ಒಲೆ ಉರಿಸುತ್ತಾರೆ. ಆ ಹೊಗೆಗೆ ಅದರದೇ ಒಂದು ವಾಸನೆ. ಸ್ವಲ್ಪ ಸಿಹಿ, ಸ್ವಲ್ಪ ಕಮಟು, ಗಂಟಲಿಗೆ ಹೋಗಿ ಕೂತುಬಿಡುವಂಥದ್ದು. ಕಾರಿನ ಗಾಜು ಇಳಿಸಿದ್ದೇ ತಡ, ಹೊಗೆ ಒಳಗೆ ಬಂತು, ಅದರ ಹಿಂದೆಯೇ ಆ ವರ್ಷವೂ ಬಂತು. ಪಕ್ಕದಲ್ಲಿದ್ದ ನನ್ನ ತಂಗಿಯ ಮಗಳು, “ದೊಡ್ಡಮ್ಮ, ಗಾಜು ಏರಿಸಿ, ಆಮೇಲೆ ರಾತ್ರಿಯೆಲ್ಲ ಕೆಮ್ಮುತ್ತೀರಿ” ಎಂದು ಗದರಿದಳು. “ಜಸ್ಟ್ ಎ ಮಿನಿಟ್, ಮೈ ಡಿಯರ್” ಎಂದೆ. ನನ್ನ ವಯಸ್ಸಿನವರಿಗೆ ಒಂದು ನಿಮಿಷ ಎಂದರೆ ಎಷ್ಟು ಉದ್ದ ಎಂದು ಅವಳಿಗೇನು ಗೊತ್ತು!

ಎರಡು ಸಾವಿರದ ಐದೋ ಆರೋ ಇರಬೇಕು. ನಾನಾಗ ಹಿಂದೂಪುರದ ಕೋರ್ಟಿನಲ್ಲಿ ವಕೀಲಳು. ಬಾರ್ ರೂಮಿನ ಗಂಡಸರು ನನಗಿಟ್ಟ ಹೆಸರು ‘ಕಾನ್ವೆಂಟ್ ಮೇಡಂ’. ಬೆಂಗಳೂರಿನ ನನ್‌ಗಳ ಹಾಸ್ಟೆಲಿನಲ್ಲಿ ಬೆಳೆದವಳು, ಬೈಯುವಾಗಲೂ ‘ಎಕ್ಸ್‌ಕ್ಯೂಸ್ ಮಿ’ ಅಂದುಬಿಟ್ಟು ಬೈಯುತ್ತೇನೆ ಎಂದು ಅವರ ತಮಾಷೆ. ಇರಲಿ. ಡ್ರಾಫ್ಟಿಂಗ್ ಬೇಕಾದಾಗ ಅವರೆಲ್ಲ ನನ್ನ ಟೇಬಲ್ಲಿಗೇ ಬರುತ್ತಿದ್ದರು.

ನನ್ನ ಕೆಲಸದಲ್ಲಿ ಮುಕ್ಕಾಲು ಪಾಲು ಮೋಟಾರು ಅಪಘಾತದ ಕೇಸುಗಳು. ಈ ಕೇಸುಗಳ ಸಂಕಟ ಏನೆಂದರೆ, ಗೆದ್ದ ಮೇಲೆಯೇ ಅವು ಶುರುವಾಗುತ್ತವೆ. ಹಿಂದೂಪುರದ ಟ್ರಿಬ್ಯೂನಲ್ ಇಷ್ಟು ಪರಿಹಾರ ಕೊಡಿ ಎಂದು ಹೇಳುತ್ತದೆ. ಮನೆಯವರು ಸಿಹಿ ಹಂಚುತ್ತಾರೆ. ಎರಡು ತಿಂಗಳಿಗೆ ಇನ್ಷೂರೆನ್ಸ್ ಕಂಪನಿ ಹೈದರಾಬಾದಿನ ಹೈಕೋರ್ಟಿಗೆ ಅಪೀಲ್ ಹಾಕಿ ಸ್ಟೇ ತರುತ್ತದೆ. ಅಲ್ಲಿಂದ ಮುಂದೆ ಫೈಲು ನಿದ್ದೆ ಹೋಗುತ್ತದೆ, ಮನೆಯವರಿಗೆ ನಿದ್ದೆ ಇರುವುದಿಲ್ಲ. ಆದ್ದರಿಂದ ಅಪೀಲಿನಲ್ಲಿರುವ ಕೇಸುಗಳನ್ನು ಎರಡೂ ಕಡೆಯವರು ಕೂತು ಮಾತಾಡಿ ಮುಗಿಸಿಕೊಳ್ಳಿ, ಒಪ್ಪಿದ್ದನ್ನು ಲೋಕ ಅದಾಲತ್ತಿನಲ್ಲಿ ಪಾಸು ಮಾಡುತ್ತೇವೆ ಎಂಬ ಏರ್ಪಾಡು ಬಂದಿತ್ತು. ಅನಂತಪುರದಿಂದ ಕಂಪನಿಯ ಆಫೀಸರೊಬ್ಬರು ಹಿಂದೂಪುರದ ಬ್ರಾಂಚಿಗೆ ಬಂದು ಒಂದು ದಿನ ಕೂರುತ್ತಿದ್ದರು. ತರಕಾರಿ ಮಾರ್ಕೆಟ್ಟಿನಂತೆ ಚೌಕಾಸಿ ನಡೆಯುತ್ತಿತ್ತು. ಕೈಕಾಲು ಕಳೆದುಕೊಂಡವರು ಬೆಂಚಿನ ಮೇಲೆ ಕಾದು ಕೂತಿರುತ್ತಿದ್ದರು.

ಆ ವರ್ಷ ಮಳೆಗಾಲ ಹುಟ್ಟುವ ಹೊತ್ತಿಗೆ ಚೌಡಪ್ಪನ ಫೈಲು ನನ್ನ ಕೈಗೆ ಬಂತು. ಟ್ರಯಲ್ ನಡೆಸಿದ್ದ ಹಿರಿಯ ವಕೀಲರು ತೀರಿಕೊಂಡಿದ್ದರು. ಅವರ ಮನೆಯವರು ಉಳಿದ ಫೈಲುಗಳನ್ನು ಹಂಚುವಾಗ ಇದು ನನ್ನ ಪಾಲಿಗೆ ಬಿತ್ತು. ಫೈಲಿನ ಹಿಂದೆಯೇ ಚೌಡಪ್ಪನೂ ಅವನ ಹೆಂಡತಿ ಸಾಕಮ್ಮನೂ ಬಂದರು. ಅವನು ಬಲಗಾಲನ್ನು ಕೋಲಿನ ಹಾಗೆ ನೆಟ್ಟಗೆ ಎಳೆದುಕೊಂಡು ಬಂದ. ಮೊಣಕಾಲು ಮಡಚುತ್ತಿರಲಿಲ್ಲ. ನನ್ನ ಚೇಂಬರಿನ ಕುರ್ಚಿಯಲ್ಲಿ ಕೂತಾಗ ಆ ಕಾಲು ಟೇಬಲ್ಲಿನ ಕೆಳಗಿಂದ ನನ್ನ ಕಡೆಗೇ ಚಾಚಿಕೊಂಡಿತ್ತು. ಅದಕ್ಕಾಗಿ ಅವನು ಸುಮ್ಮಸುಮ್ಮನೆ ಕ್ಷಮೆ ಕೇಳುತ್ತಿದ್ದ.

ಅವನು ರೇಷ್ಮೆ ಸೀರೆಯ ನೇಕಾರ. ಮನೆಯಲ್ಲೇ ಗುಂಡಿಮಗ್ಗ, ನೆಲದ ಗುಂಡಿಯಲ್ಲಿ ಕಾಲಿಳಿಸಿ ಕೂತು ನೇಯುವಂಥದ್ದು. ಮೂರು ವರ್ಷದ ಹಿಂದೆ ಕಲ್ಯಾಣದುರ್ಗದ ಒಂದು ಮನೆಯವರು ಮದುವೆ ಸೀರೆಗೆ ಹೇಳಿದ್ದರಂತೆ. ಅರ್ಧ ನೇಯ್ದಾದ ಮೇಲೆ ಸೆರಗಿನ ಬಣ್ಣ ತೋರಿಸಿ ಒಪ್ಪಿಗೆ ತರಲು ಹೋಗಿದ್ದ. ಸರ್ವಿಸ್ ಜೀಪಿನಲ್ಲಿ ವಾಪಸು ಬರುವಾಗ ಕಂಬದೂರಿನ ಹತ್ತಿರ ಲಾರಿ ಬಂದು ಬಡಿಯಿತು. ಆ ಲಾರಿಯ ಇನ್ಷೂರೆನ್ಸ್ ಕಂಪನಿಯೇ ನಮ್ಮ ಎದುರಾಳಿ.

ಟ್ರಿಬ್ಯೂನಲ್ ಅವನನ್ನು ನೋಡಿತ್ತು, ಕಾಲನ್ನು ನೋಡಿತ್ತು, ಇನ್ನು ಇವನು ನೇಯಲಾರ ಎಂದು ಪೂರ್ತಿ ಪರಿಹಾರ ಬರೆದಿತ್ತು. ಆದರೆ ಅಪೀಲ್ ಓದುವಾಗ ಒಂದು ಕಡೆ ಕೆಂಪು ಗೆರೆ ಎಳೆದೆ. ಪಾಟೀಸವಾಲಿನಲ್ಲಿ ಕಂಪನಿಯ ವಕೀಲರು ಕೇಳಿದ್ದರು: ಅಪಘಾತವಾದ ಮೇಲೂ ನಿಮ್ಮ ಮನೆಯಲ್ಲಿ ಮಗ್ಗ ನಡೆಯುತ್ತಿದೆಯೇ? ಚೌಡಪ್ಪನ ಉತ್ತರ: ನಡೆಯುತ್ತಿದೆ. ಕಲ್ಯಾಣದುರ್ಗದ ಸೀರೆ ಮುಗಿಸಿ ಕೊಟ್ಟಿರಾ? ಕೊಟ್ಟೆವು. ಕೂತುಕೊಂಡೇ ಮಾಡುವ ಕೆಲಸವಲ್ಲವೇ ಅದು? ಹೌದು, ಕೂತುಕೊಂಡೇ.

ಕಂಪನಿಗೆ ಇಷ್ಟು ಸಾಕಾಗಿತ್ತು. ಮಗ್ಗ ನಡೆಯುತ್ತಿದೆ, ಸೀರೆ ಹೋಗಿದೆ, ಕೆಲಸ ಕೂತು ಮಾಡುವಂಥದ್ದು, ಹಾಗಾದರೆ ನಷ್ಟ ಎಲ್ಲಿ? ರಾಜಿಗೆ ಅವರು ಬರೆದಿದ್ದ ಪತ್ರದಲ್ಲಿ ಟ್ರಿಬ್ಯೂನಲ್ ಕೊಟ್ಟದ್ದರ ಅರ್ಧಕ್ಕೂ ಕಡಿಮೆ ಇತ್ತು. ಒಪ್ಪದಿದ್ದರೆ ಹೈದರಾಬಾದಿನಲ್ಲಿ ವರ್ಷಗಟ್ಟಲೆ ಕಾಯಬೇಕು. ಕಾದರೂ ಈ ಉತ್ತರ ಇಟ್ಟುಕೊಂಡು ಗೆಲ್ಲುತ್ತೇವೆಂಬ ಧೈರ್ಯ ನನಗಿರಲಿಲ್ಲ.

“ಚೌಡಪ್ಪ, ನಿಜ ಹೇಳು. ಮಗ್ಗ ನಡೆಯುತ್ತಾ ಇದೆಯಾ?”

“ನಡೀತೈತೆ ಕಣಮ್ಮ.”

“ಯಾರು ನೇಯುತ್ತಾರೆ?”

“ಯಾರೂ ಇಲ್ಲ ಕಣಮ್ಮ.”

“ಯಾರೂ ನೇಯದೆ ಹೇಗಪ್ಪಾ ನಡೆಯುತ್ತೆ? ದೆವ್ವ ಬಂದು ನೇಯುತ್ತಾ?”

ಚೌಡಪ್ಪ ನನ್ನ ಕಡೆ ನೋಡಲಿಲ್ಲ. ಸಾಕಮ್ಮ ಸೆರಗಿನಲ್ಲಿ ಕೈ ಮುಚ್ಚಿಕೊಂಡು ಗೋಡೆಗೆ ಒರಗಿ ನಿಂತಿದ್ದಳು. “ಅವರನ್ನ ಕೇಳ್ಬ್ಯಾಡಿ ಲಾಯರಮ್ಮ. ಅವ್ರು ಅದು ಬಿಟ್ಟು ಇನ್ನೊಂದು ಹೇಳಾಕಿಲ್ಲ” ಎಂದಳು.

“ಸರಿ, ನೀನಾದರೂ ಹೇಳು.”

“ನಾನೂ ಹೇಳಾಕಿಲ್ಲ.”

ನನಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. “ಗಾಡ್ ಗಿವ್ ಮಿ ಪೇಷೆನ್ಸ್” ಎಂದು ಗೊಣಗಿಕೊಂಡೆ. ಸಾಕಮ್ಮ ಹೋಗುವಾಗ ನಮಸ್ಕಾರ ಮಾಡಲು ಕೈ ಹೊರಗೆ ತೆಗೆದಳು. ಬೆರಳುಗಳೆಲ್ಲ ಬೆಂದು ಬಿಳಿಚಿ, ಸುಕ್ಕಾಗಿ, ತುದಿಯಲ್ಲಿ ಬಿರುಕು ಬಿಟ್ಟಿದ್ದವು. ಅವಳು ರೇಷ್ಮೆ ನೂಲು ತೆಗೆಯುವ ಕಾರ್ಖಾನೆಯಲ್ಲಿ ಗೂಡು ಬೇಯಿಸುವ ಬಿಸಿನೀರಿನಲ್ಲಿ ಇಡೀ ದಿನ ಕೈ ಅದ್ದಿ ಕೆಲಸ ಮಾಡುತ್ತಿದ್ದಳು.

“ದುಡ್ಡು ಪೂರ್ತಿ ಬಂದ್ರೆ ಏನು ಮಾಡ್ತೀಯಪ್ಪ?” ಎಂದು ಬಾಗಿಲಲ್ಲಿ ಕೇಳಿದೆ.

“ರೇಷ್ಮೆ ತತ್ತೀನಿ ಕಣಮ್ಮ. ಇವಳ ತಮ್ಮ ರಾಮಾಂಜಿ ಅವ್ನೆ, ಒಳ್ಳೆ ನೇಕಾರ, ಈಗ ಕಲ್ಯಾಣದುರ್ಗದಾಗೆ ಜೀಪ್ ಓಡಿಸ್ಕಂಡು ಬಿದ್ದವ್ನೆ. ಅವನಿಗೆ ಕೂಲಿ ಕೊಟ್ಟು ಮಗ್ಗಕ್ಕೆ ಕೂರಿಸ್ತೀನಿ. ಹಾಸು ಹೂಡಾದು, ಬಣ್ಣ, ಬುಟ್ಟಾ, ಅದೆಲ್ಲ ನಾನು ಪಕ್ಕದಾಗೆ ಕುಂತು ನೋಡ್ಕತ್ತೀನಿ. ಇವಳನ್ನ ಆ ಬಿಸಿನೀರಿನಿಂದ ಬಿಡಿಸ್ಬೇಕು.”

“ಅರ್ಧ ಬಂದ್ರೆ?”

“ಅರ್ಧ ಬಂದ್ರೆ ಮಗ್ಗದ ಮರ ಮಾರಿ, ಗುಂಡಿ ಮುಚ್ಚಿ, ಅಲ್ಲೇ ಒಂದು ಬೀಡಿ ಅಂಗ್ಡಿ.”

ಬೀಡಿ ಅಂಗಡಿ ಎಂದದ್ದು ಅವನೇ, ಆದರೆ ಆ ಮಾತು ಕೇಳಿ ತಲೆ ತಗ್ಗಿಸಿದವಳು ಸಾಕಮ್ಮ.

ಆ ವಾರವೇ ನಾನು ಕಲ್ಯಾಣದುರ್ಗಕ್ಕೆ ಹೋದೆ. ಆ ಸೀರೆ ಮುಗಿಸಿದ್ದು ಯಾರು ಎಂದು ತಿಳಿಯಲೇಬೇಕಿತ್ತು. ಗೋರಂಟ್ಲದ ಕಡೆಯೆಲ್ಲ ಆಗಲೇ ಒಂದು ಹದ ಮಳೆ ಬಿದ್ದು ನೆಲ ಕೆಂಪಗೆ ಉಬ್ಬಿತ್ತು, ಕಲ್ಯಾಣದುರ್ಗದಲ್ಲಿ ಮಾತ್ರ ಬರೀ ಗಾಳಿ. ಬಸ್ಸಿನ ಕಿಟಕಿಯಿಂದ ನುಗ್ಗುವ ಆ ಗಾಳಿ ತಲೆಗೂದಲಿಗೆ ಮಣ್ಣು ಬಳಿದುಬಿಟ್ಟಿತು. ಕಾನ್ವೆಂಟಿನಲ್ಲಿ ನೀಟ್‌ನೆಸ್‌ಗೆ ಪ್ರೈಜ್ ತಗೊಂಡವಳು ಜೀಪ್ ಸ್ಟ್ಯಾಂಡಿನಲ್ಲಿ ಇಳಿದಾಗ ಥೇಟ್ ಇಟ್ಟಿಗೆ ಗೂಡಿನಿಂದ ಎದ್ದು ಬಂದವಳಂತಿದ್ದೆ.

ರಾಮಾಂಜಿಯನ್ನು ಹುಡುಕುವುದು ಕಷ್ಟವಾಗಲಿಲ್ಲ. ಕಂಬದೂರಿಗೆ ಜನ ತುಂಬುತ್ತಿದ್ದ ಜೀಪಿನ ಬಾನೆಟ್ ಮೇಲೆ ಕೂತು “ರಾ ರಾ ರಾ, ಇಂಕಾ ಇದ್ದರು, ಇನ್ನಿಬ್ರು!” ಎಂದು ಎರಡು ಭಾಷೆಯಲ್ಲೂ ಕೂಗುತ್ತಿದ್ದ. ಅಕ್ಕನ ಹೆಸರು ಹೇಳಿದ ತಕ್ಷಣ ಕೆಳಗೆ ಹಾರಿದ. ಹೊಟ್ಟಿನ ಒಲೆಯ ಹೋಟೆಲಿಗೆ ಕರೆದುಕೊಂಡು ಹೋಗಿ ಟೀ ಹೇಳಿದ. ಆ ಹೊಗೆಯಲ್ಲಿ ನನಗೆ ಕಣ್ಣೀರು ಇಳಿಯುತ್ತಿತ್ತು. ಅವನು ಅದನ್ನು ದುಃಖ ಎಂದು ತಿಳಿದು, “ಅಳ್ಬ್ಯಾಡಿ ಲಾಯರಮ್ಮ, ನಮ್ಮ ಭಾವ ಗಟ್ಟಿ ಮನುಷ್ಯ” ಎಂದು ಸಮಾಧಾನ ಮಾಡಿದ.

“ಆ ಸೀರೆ ಮುಗಿಸಿದ್ದು ಯಾರಪ್ಪ?”

“ನಾನೇ. ಭಾವ ಆಸ್ಪತ್ರೇಲಿ, ಮಗ್ಗದ ಮ್ಯಾಲೆ ಅರ್ಧ ಸೀರೆ. ಅದೂ ಮದುವೆ ಸೀರೆ. ಅರ್ಧಕ್ಕೇ ಕುಯ್ದು ಇಳಿಸಾಕಾಯ್ತದಾ? ಹೋಗಿ ಕುಂತು ಮುಗಿಸ್ಬುಟ್ಟು ಬಂದೆ. ಕೂಲಿ ಗೀಲಿ ಏನೂ ಇಲ್ಲ, ಅಕ್ಕನ ಕೈ ಊಟ ಅಷ್ಟೆ.”

“ಆಮೇಲೆ ಮಗ್ಗ?”

ಅಷ್ಟು ಹೊತ್ತು ಸರಾಗವಾಗಿ ಹರಿಯುತ್ತಿದ್ದ ಅವನ ಬಾಯಿ ಕಟ್ಟಿತು. “ಆಮೇಲೆ ನಾನು ಜೀಪಿಗೆ ಬಂದೆ” ಎಂದ.

“ನೀನು ಬಂದೆ ಸರಿ. ಮಗ್ಗ ನಿಂತು...”

“ಶ್!” ಅವನು ನಿಜವಾಗಿಯೂ ನನ್ನ ಬಾಯಿಗೆ ಕೈ ಅಡ್ಡ ತಂದ. ಆಮೇಲೆ ಅವನಿಗೇ ನಾಚಿಕೆಯಾಯಿತು. “ತಪ್ಪು ತಿಳ್ಕಬ್ಯಾಡಿ. ನಿಮ್ಮನೇಲಿ ಬಳೆ ಒಡೆದ್ರೆ ಒಡೀತು ಅಂತೀರಾ?”

“ಇಲ್ಲ. ಹೆಚ್ಚಾಯಿತು ಅಂತೀವಿ.”

“ಮತ್ತೆ? ನಮಗೆ ಮಗ್ಗನೂ ಅಂಗೇ. ನೀವೀಗ ಅಂದ್ರಲ್ಲ, ಆ ಮಾತು ನೇಕಾರನ ಬಾಯಾಗೆ ಬರಬಾರದು. ಬಂತೋ, ಅಮ್ಮ ಚೌಡೇಶ್ವರಿ ಮನೆ ಬಿಟ್ಟು ಹೊಂಟೋಯ್ತಾಳೆ. ಜೀಪ್ ಬೇಕಾದ್ರೆ ದಿನಾ ನಿಂತೋಯ್ತದೆ, ಅದನ್ನ ಬೇಕಾದ್ರೆ ಕೂಗಿ ಹೇಳ್ತೀನಿ!”

“ಅಲ್ಲಯ್ಯ, ಕೋರ್ಟಿನಲ್ಲಿ, ಜಡ್ಜ್ ಮುಂದೆ, ಪ್ರಮಾಣ ಮಾಡಿ...”

“ಪ್ರಮಾಣ ಮಾಡಿದ ಮ್ಯಾಲಂತೂ ಇನ್ನೂ ಹೇಳಾಕಿಲ್ಲ” ಎಂದು ನಕ್ಕ. ಮತ್ತೆ ಗಂಭೀರನಾಗಿ, “ಸುಳ್ಳೂ ಅಲ್ಲ ಬಿಡಿ ಅದು. ಒಂದಿನ ಬೆಳಿಗ್ಗೆ ನಮ್ಮಕ್ಕ ಕೆಲಸಕ್ಕೆ ಹೊಂಡಾಕೆ ಮುಂಚೆ ಹೋಗಿ ನೋಡಿ” ಎಂದ.

ನಾನು ಮಾರನೆಯ ದಿನವೇ ಹೋದೆ. ಹಿಂದೂಪುರದ ಆ ಬೀದಿ ನಮ್ಮ ಕೋರ್ಟಿಗೆ ಬಹಳ ದೂರವಿಲ್ಲ, ಆದರೂ ಅಲ್ಲಿಗೆ ನಾನು ಕಾಲಿಟ್ಟಿರಲಿಲ್ಲ. ಎರಡೂ ಪಕ್ಕದ ಮನೆಗಳಿಂದ ಪವರ್‌ಲೂಮಿನ ಗದ್ದಲ. ಚೌಡಪ್ಪನ ಮನೆಯೊಳಗೆ ಮಾತ್ರ ನಿಶ್ಶಬ್ದ. ಮುಂದಿನ ಕೋಣೆಯೇ ಮಗ್ಗದ ಮನೆ. ಪೂರ್ವದ ಕಡೆ ಒಂದು ಕಿಟಕಿ, ಅದರ ಬಿಸಿಲು ನೇರ ಮಗ್ಗದ ಮೇಲೆ. ಮಗ್ಗಕ್ಕೆ ಅರಿಶಿನ ಕುಂಕುಮ ಇಟ್ಟಿತ್ತು, ಒಂದು ಚೂರು ಧೂಳಿಲ್ಲ.

ನನ್ನನ್ನು ನೋಡಿ ಇಬ್ಬರೂ ಗಾಬರಿಯಾದರು. “ನೀವು ನಿಮ್ಮ ಕೆಲಸ ಮಾಡಿಕೊಳ್ಳಿ, ಐ ವೋಂಟ್ ಡಿಸ್ಟರ್ಬ್” ಎಂದು ಬಾಗಿಲ ಬಳಿ ನಿಂತೆ. ಸಾಕಮ್ಮ ಗಂಡನ ಮುಖ ನೋಡಿದಳು. ಅವನು ತಲೆಯಾಡಿಸಿದ. ಅವಳು ಗುಂಡಿಯೊಳಗೆ ಕಾಲಿಳಿಸಿ ಕೂತಳು. ಚೌಡಪ್ಪ ಗೋಡೆ ಹಿಡಿದು, ಮಗ್ಗದ ಪಕ್ಕದ ನೆಲದ ಮೇಲೆ ನೆಟ್ಟಗಾಲನ್ನು ಚಾಚಿ ಕೂತ. ಅವಳು ಕೆಳಗಿನ ಹಲಗೆ ತುಳಿದಳು. ದಾರಗಳು ಬಾಯಿ ಬಿಟ್ಟವು. ಅವನು ಪಕ್ಕದಿಂದ ಕೈ ಚಾಚಿ ಲಾಳಿಯ ಹಗ್ಗ ಎಳೆದ. ಎಳೆ ಹೊತ್ತ ಲಾಳಿ ಈ ತುದಿಯಿಂದ ಆ ತುದಿಗೆ ಓಡಿತು. ಅವಳು ಬಾಚಣಿಗೆಯಂಥ ಹಣಿಗೆ ಎಳೆದು ಒಮ್ಮೆ ಬಡಿದಳು. ಟಕ್. ಅಷ್ಟೇ. ಇಬ್ಬರೂ ಕೈಮುಗಿದರು. ಅವಳು ಮೇಲೆದ್ದು, ಟಿಫನ್ ಡಬ್ಬಿ ಎತ್ತಿಕೊಂಡು, “ಬತ್ತೀನಿ” ಎಂದು ಕಾರ್ಖಾನೆಗೆ ಹೊರಟಳು.

ದಿನಕ್ಕೊಂದು ಎಳೆ. ರಾಮಾಂಜಿ ಸೀರೆ ಮುಗಿಸಿ ಹೋದ ಮೇಲೆ ಆ ಹಾಸಿನಲ್ಲಿ, ಅಂದರೆ ಉದ್ದಕ್ಕೆ ಬಿಗಿದ ದಾರದಲ್ಲಿ, ಇನ್ನೊಂದು ಸೀರೆಯಷ್ಟು ಉಳಿದಿತ್ತು. ಅದರ ಮೇಲೆ ಗಂಡ ಹೆಂಡತಿ ಇಬ್ಬರೂ ಸೇರಿ ದಿನಾ ಬೆಳಿಗ್ಗೆ ಒಂದೇ ಒಂದು ಎಳೆ ಹಾಕುತ್ತಾ ಬಂದಿದ್ದರು, ಮಗ್ಗಕ್ಕೆ ನಿಂತಿತೆಂಬ ಹೆಸರು ಬರದಿರಲಿ ಎಂದು. ನಾನು ಹತ್ತಿರ ಹೋಗಿ ಬಗ್ಗಿ ನೋಡಿದೆ. ಎರಡು ಗೇಣು ಬಟ್ಟೆ. ಇಷ್ಟು ವರ್ಷಕ್ಕೆ ಎರಡು ಗೇಣು! ಗೆದ್ದೆ ಎಂದುಕೊಂಡೆ. ಅಷ್ಟು ಸುಲಭವಾಗಿರಲಿಲ್ಲ, ಆದರೂ ಆ ಕ್ಷಣ ಹಾಗೆಯೇ ಅನ್ನಿಸಿತು.

ಮಳೆ ಹಿಂದೂಪುರಕ್ಕೂ ಬಂದ ವಾರ ಅನಂತಪುರದ ಆಫೀಸರು ಬಂದರು. ಸುಬ್ಬರಾವ್ ಎಂದು ಹೆಸರು, ಐವತ್ತರ ಆಸುಪಾಸು, ಇಸ್ತ್ರಿ ಮಾಡಿದ ಅರ್ಧ ತೋಳಿನ ಶರ್ಟು, ಕುತ್ತಿಗೆಗೆ ದಾರ ಕಟ್ಟಿದ ಕನ್ನಡಕ. ಒರಟು ಮನುಷ್ಯರಲ್ಲ, ಯಾರ ಹತ್ತಿರವೂ ದನಿ ಏರಿಸಿದವರಲ್ಲ. ಆದರೆ ಜಗ್ಗುವವರೂ ಅಲ್ಲ. ನಮ್ಮ ಸರದಿ ಬಂದಾಗ ಪಾಟೀಸವಾಲಿನ ನಕಲನ್ನು ನನ್ನ ಕಡೆ ತಿರುಗಿಸಿ, ಆ ಸಾಲಿನ ಮೇಲೆ ಪೆನ್ನಿನ ತುದಿ ಇಟ್ಟರು.

“ಚೂಡಂಡಿ ಮೇಡಂ, ಸಿಂಪಥಿ ಬೇರೆ, ರೆಕಾರ್ಡ್ ಬೇರೆ. ಮಗ್ಗ ನಡೀತಿದೆ ಅಂತ ಇವರೇ ಹೇಳಿದಾರೆ. ನಾನು ಜಾಸ್ತಿ ಕೊಟ್ರೆ ನಾಳೆ ಆಡಿಟ್‌ನವರು ನನ್ನ ಕೇಳ್ತಾರೆ.”

“ಅವನ ಬಾಮೈದ ಬಂದು ಸೀರೆ ಮುಗಿಸಿದ್ದು. ಆ ಮೇಲೆ ಒಂದು ಸೀರೆಯೂ ಆ ಮನೆಯಿಂದ ಆಚೆ ಬಂದಿಲ್ಲ.”

“ಅಲಾಗಾ?” ಅವರು ಚೌಡಪ್ಪನ ಕಡೆ ತಿರುಗಿ, ಬಹಳ ಮೃದುವಾಗಿ, “ಏಮಯ್ಯಾ, ನುವ್ವೇ ಚೆಪ್ಪು. ಮಗ್ಗಂ ನಡುಸ್ತಾ ಉಂದಾ, ಲೇದಾ?” ಎಂದು ಕೇಳಿದರು, ನೀನೇ ಹೇಳು, ನಡೆಯುತ್ತಿದೆಯೋ ಇಲ್ಲವೋ ಎಂದು.

ಚೌಡಪ್ಪ ನನ್ನನ್ನು ನೋಡಿದ, ನೆಲ ನೋಡಿದ.

“ನಡುಸ್ತಾ ಉಂದಿ ಸಾರ್.”

ಅದೇ ಉತ್ತರ, ಈ ಸಲ ತೆಲುಗಿನಲ್ಲಿ! ಸುಬ್ಬರಾವ್ ಕನ್ನಡಕ ತೆಗೆದು, ‘ಇನ್ನೇನು ಮಾಡಲಿ ಹೇಳಿ’ ಎನ್ನುವ ಹಾಗೆ ಎರಡೂ ಕೈ ಬಿಚ್ಚಿದರು. ಬೆಂಚಿನ ಮೇಲಿದ್ದ ಯಾರೋ ನಕ್ಕರು. ಬೇರೆ ದಿನವಾಗಿದ್ದರೆ ನನಗೂ ಸಿಟ್ಟು ಬರುತ್ತಿತ್ತು. ಅವತ್ತು ಮಾತ್ರ ಆ ಮನುಷ್ಯನ ಮೇಲೆ ನನಗೆ ಎಂಥದೋ ಹೆಮ್ಮೆ ಬಂತು. ಇಷ್ಟು ದುಡ್ಡು ಎದುರಿಗಿದ್ದರೂ ಬಾಯಿ ಮೈಲಿಗೆ ಮಾಡಿಕೊಳ್ಳಲಿಲ್ಲವಲ್ಲ!

“ಸುಬ್ಬರಾವ್ ಅವರೇ,” ಎಂದೆ, “ಒಂದು ಅಂಗಡಿ ಸುಟ್ಟುಹೋಯಿತು ಅಂತ ಕ್ಲೇಮ್ ಬಂದರೆ, ನೀವು ಬರೀ ಫೈಲ್ ನೋಡಿ ದುಡ್ಡು ಕೊಡುತ್ತೀರಾ?”

“ಲೇದು ಮೇಡಂ. ಸ್ಪಾಟಿಗೆ ಹೋಗ್ತೀವಿ.”

“ದೆನ್ ಪ್ಲೀಸ್ ಕಮ್ ಟು ದ ಸ್ಪಾಟ್. ನಾಲ್ಕು ಹೆಜ್ಜೆ. ಕಾಫಿ ನನ್ನದು.”

ಅವರಿಗೆ ಮನಸ್ಸಿರಲಿಲ್ಲ. ಕಾಯುತ್ತಿದ್ದ ಬೆಂಚನ್ನು ತೋರಿಸಿದರು, ಹೊರಗಿನ ಮಳೆಯನ್ನು ತೋರಿಸಿದರು. ಊಟದ ಹೊತ್ತಿನಲ್ಲಿ ಹೋಗೋಣ ಎಂದೆ, ನನ್ನ ಕೊಡೆ ಮುಂದೆ ಚಾಚಿದೆ. ವಯಸ್ಸಾದ ಹೆಂಗಸು ಕೊಡೆ ಹಿಡಿದು ನಿಂತರೆ ಮರ್ಯಾದಸ್ಥರು ಬೇಡ ಎನ್ನುವುದು ಕಷ್ಟ. ಇದನ್ನು ನನಗೆ ಲಾ ಕಾಲೇಜಿನವರಲ್ಲ, ನನ್‌ಗಳು ಕಲಿಸಿದ್ದು.

ಸಾಕಮ್ಮ ಅವತ್ತು ಕೆಲಸಕ್ಕೆ ರಜ ಹಾಕಿದ್ದಳು. ಸುಬ್ಬರಾವ್ ಬಾಗಿಲಲ್ಲಿ ಶೂ ಬಿಚ್ಚಿ, ಸಾಕ್ಸನ್ನೂ ಬಿಚ್ಚಿ ಒಳಗೆ ಬಂದರು. ಮಗ್ಗದ ಮೇಲೆ ಬಟ್ಟೆ ಇರುವುದನ್ನು ಕಂಡು, “ಇದೇನು ಮತ್ತೆ?” ಎಂದು ನನ್ನ ಕಡೆ ಹುಬ್ಬೇರಿಸಿದರು.

“ದಿನಕ್ಕೊಂದು ಎಳೆ ಹಾಕ್ತಾರೆ. ಒಂದೇ ಒಂದು. ಮೂರು ವರ್ಷದ್ದು ಅದು.”

“ಹೇಳೋದು ಸುಲಭ ಮೇಡಂ. ಹೋದ ವಾರ ಕೂತು ನೇಯ್ದಿದ್ದರೂ ಎರಡು ಗೇಣು ಆಗುತ್ತೆ.”

ನನ್ನ ಹುರುಪೆಲ್ಲ ಒಂದು ಕ್ಷಣ ಇಳಿದುಹೋಯಿತು. ಸುಬ್ಬರಾವ್ ಮಾತ್ರ ಸುಮ್ಮನಿರಲಿಲ್ಲ. ಸುಟ್ಟ ಅಂಗಡಿ, ನೆನೆದ ಗೋಡೌನು ನೋಡಿ ನೋಡಿ ಪಳಗಿದ ಕಣ್ಣು ಅವರದ್ದು. ಕನ್ನಡಕ ಏರಿಸಿ ಬಟ್ಟೆಯ ಮೇಲೆ ಬಗ್ಗಿದರು. ಮೊದಲು ನೇಯ್ದ ಹಿಂದಿನ ಅಂಚಿನಿಂದ ಮುಂದಕ್ಕೆ ನಿಧಾನವಾಗಿ ಬೆರಳು ಸರಿಸಿದರು. ಮತ್ತೆ ಕಿಟಕಿ ನೋಡಿದರು, ಮತ್ತೆ ಬಟ್ಟೆ. ಮೋಡ ಸರಿದು ಸ್ವಲ್ಪ ಬೆಳಕು ಬಿದ್ದಿತ್ತು.

“ಮೇಡಂ, ಇಲ್ಲಿ ಬನ್ನಿ” ಎಂದರು.

ಹಿಂದಿನ ಅಂಚಿನಲ್ಲಿ ಬಟ್ಟೆ ಬಿಸಿಲಿಗೆ ಬಿಳಿಚಿ ಹಳೆಯ ಈರುಳ್ಳಿ ಸಿಪ್ಪೆಯ ಬಣ್ಣಕ್ಕೆ ಬಂದಿತ್ತು. ಅಲ್ಲಿಂದ ಮುಂದೆ ಬರುತ್ತಾ ಬರುತ್ತಾ, ಎಲ್ಲಿಯೂ ಗೆರೆ ಎಳೆದ ಹಾಗಿಲ್ಲದೆ, ಬಣ್ಣ ಏರುತ್ತಾ ಹೋಗಿ, ಹಣಿಗೆಯ ಹತ್ತಿರ ಕಡು ನೇರಳೆ. ಅವತ್ತಿನ ಎಳೆ ಈಗ ತಾನೇ ಬಣ್ಣದಿಂದ ಎದ್ದು ಬಂದಂತೆ ಹೊಳೆಯುತ್ತಿತ್ತು. ಮೊದಲೇ ಬಗ್ಗಿ ನೋಡಿದ್ದ ನಾನು ಅದನ್ನು ಕಂಡಿರಲಿಲ್ಲ.

“ಇದನ್ನ ಯಾರೂ ಒಂದು ವಾರದಲ್ಲಿ ಮಾಡೋಕಾಗಲ್ಲ” ಎಂದು ತಮಗೆ ತಾವೇ ಹೇಳಿಕೊಂಡರು. ಆಮೇಲೆ ನೆಟ್ಟಗೆ ನಿಂತು, “ಆದರೂ ಕೂತು ಮಾಡೋ ಕೆಲಸವಲ್ಲವಾ? ಗುಂಡಿಯಲ್ಲಿ ಕಾಲು ಇಳಿಬಿಟ್ಟು ಕೂತರೆ ಆಯ್ತು” ಎಂದರು.

“ಕುಂತು ನೋಡಿ ಸಾರ್” ಎಂದಳು ಸಾಕಮ್ಮ. “ಬಲಗಾಲು ಮಡಚ್ಬ್ಯಾಡಿ, ಅಷ್ಟೇಯ.”

ಅವರು ನಿಜವಾಗಿಯೂ ಕೂತರು! ಪ್ಯಾಂಟು ಮಡಚಿಕೊಂಡು, ಎಡಗಾಲು ಗುಂಡಿಗೆ ಇಳಿಸಿ, ಬಲಗಾಲನ್ನು ಚೌಡಪ್ಪನ ಹಾಗೆ ಸೆಟೆದು ಹಿಡಿದು ಒಳಗೆ ತೂರಿಸಲು ನೋಡಿದರು. ಹಿಮ್ಮಡಿ ಹೋಗಿ ಎದುರಿನ ಗೋಡೆಗೆ ತಾಗಿತು, ತೊಡೆ ಮಗ್ಗದ ಮರಕ್ಕೆ ಸಿಕ್ಕಿತು, ಸೊಂಟ ಅತ್ತಲೂ ಇಲ್ಲ ಇತ್ತಲೂ ಇಲ್ಲ. ಹಿಂದಕ್ಕೂ ಬರಲಾಗಲಿಲ್ಲ, ಮುಂದಕ್ಕೂ ಹೋಗಲಾಗಲಿಲ್ಲ. “ಅಯ್ಯೋ, ಲಾಗಂಡಯ್ಯಾ!” ಎಂದು, ಎಳೆಯಿರಿ ಎಂಬಂತೆ ಕೈ ಮೇಲೆತ್ತಿದರು. ಸಾಕಮ್ಮ ಒಂದು ತೋಳು, ನಾನು ಒಂದು ತೋಳು. ಚೌಡಪ್ಪ ಪಕ್ಕದಲ್ಲಿ ಕೂತು ಗಾಬರಿಯಿಂದ, “ಮೆಲ್ಲಕೆ, ಮೆಲ್ಲಕೆ, ದಾರ ಕಿತ್ತೀತು!” ಎನ್ನುತ್ತಿದ್ದ. ಅವನಿಗೆ ಆಫೀಸರ ಕಾಲಿಗಿಂತ ಹಾಸಿನ ಚಿಂತೆ. ಸಾಕಮ್ಮ ಮೊದಲು ಕಿಸಕ್ಕೆಂದಳು, ಆಮೇಲೆ ನಾನು, ಕೊನೆಗೆ ಸುಬ್ಬರಾವ್ ಕೂಡ.

ಏದುಸಿರು ಬಿಡುತ್ತಾ ನೆಲದ ಮೇಲೆ ಕೂತವರು, ಬಿಡದೆ ಕೊನೆಯ ಪ್ರಶ್ನೆ ಕೇಳಿದರು. “ಏಮ್ಮಾ, ನೀನು ಇಳಿದು ಕೂರ್ತೀಯಲ್ಲ. ನೀನೇ ನೇಯಬಹುದಲ್ಲ?”

“ನಾನು ಹುಟ್ಟಿದಾಗಿಂದ ಬರೀ ನೂಲಿನ ಕಂಡಿಗೆ ಸುತ್ತಿದೋಳು ಸಾರ್. ನಾನು ನೇಯ್ದ ಸೀರೇನ ನಿಮ್ಮನೆಯಮ್ಮ ಉಡಾಕಿಲ್ಲ. ರಾಗಿ ತುಂಬಾಕೆ ಬೇಕಾದ್ರೆ ಇಸ್ಕಂಡ್ಹೋಗಿ. ದುಡ್ಡು ಬಂದ್ರೆ ನನ್ನ ತಮ್ಮನ್ನ ಕೂರಿಸ್ತೀವಿ, ಅವನು ಕೈಯಿದ್ದೋನು.” ಹಾಗೆನ್ನುತ್ತಾ ಅವಳು ಕಾಫಿ ಲೋಟ ಮುಂದಿಟ್ಟಳು. ಸುಬ್ಬರಾವ್ ಲೋಟ ತೆಗೆದುಕೊಳ್ಳುವ ಮೊದಲು ಆ ಬೆರಳುಗಳನ್ನು ನೋಡಿದರು. ಕಾಫಿ ಪೂರ್ತಿ ಕುಡಿದರು.

ಬೀದಿಗೆ ಬಂದ ಮೇಲೆ ಕೊಡೆಯ ಕೆಳಗೆ ನಿಂತು ಹೇಳಿದರು: “ಮಗ್ಗ ನಡೀತಿದೆ ಮೇಡಂ. ನಮ್ಮ ಅಪೀಲೇ ನಿಂತುಹೋಯ್ತು.”

ಆ ಮಾತನ್ನು ಕೇಳಿದ ಸಂತೋಷ ಎಂಥದ್ದೆಂದು ಹೇಳಲಾರೆ. ಮಳೆಯಲ್ಲಿ, ನಡುಬೀದಿಯಲ್ಲಿ, ಸೀರೆಯ ಅಂಚೆಲ್ಲ ಕೆಸರಾಗಿ, ಸ್ಪೋರ್ಟ್ಸ್ ಡೇ ದಿನ ಕಪ್ ಗೆದ್ದ ಹುಡುಗಿಯ ಹಾಗೆ ನಿಂತಿದ್ದೆ. ಹಾಗೆಂದು ಚೌಕಾಸಿ ಬಿಡಲಿಲ್ಲ. ಟ್ರಿಬ್ಯೂನಲ್ ಕೊಟ್ಟದ್ದು ಪೂರ್ತಿ ಬರಬೇಕು, ಬಡ್ಡಿಯಲ್ಲಿ ಸ್ವಲ್ಪ ನಾವು ಬಿಡುತ್ತೇವೆ ಎಂದೆ. ಅವರು ಇನ್ನೂ ಸ್ವಲ್ಪ ಬಿಡಿ ಎಂದರು. ಬ್ರಾಂಚ್ ಆಫೀಸಿನ ಮೆಟ್ಟಿಲು ಹತ್ತುವಷ್ಟರಲ್ಲಿ ಇಬ್ಬರೂ ಒಂದು ಕಡೆ ಬಂದಿದ್ದೆವು.

ಅವರ ದೊಡ್ಡ ಆಫೀಸಿನ ಒಪ್ಪಿಗೆ ಬರುವ ತನಕ ನನಗೆ ಊಟ ಸೇರಲಿಲ್ಲ. ನಮ್ಮ ಕಡೆಗೂ ಒಂದು ತೊಡಕು ಬಂತು. ರಾಜಿಯ ಕಾಗದದಲ್ಲಿ ಅವರ ಗುಮಾಸ್ತ ‘ಮಗ್ಗ ನಿಂತುಹೋಗಿರುವ ಕಾರಣ’ ಎಂದು ಹಾಕಿದ್ದ. ಅದನ್ನು ಓದಿ ಹೇಳಿದ್ದೇ ತಡ, ಚೌಡಪ್ಪ ಪೆನ್ನು ಕೆಳಗಿಟ್ಟುಬಿಟ್ಟ. ನಾನು ಫೋನ್ ಮಾಡಿದಾಗ ಸುಬ್ಬರಾವ್, “ತಪ್ಪು ನಮ್ಮದೇ ಮೇಡಂ, ನೀವೇ ಬರೆದು ಕಳಿಸಿ” ಎಂದರು. ನಾನು ಹೊಸದಾಗಿ ಬರೆದೆ: ಅರ್ಜಿದಾರರು ಮೊಣಕಾಲಿನ ಗಾಯದಿಂದ ಮಗ್ಗದಲ್ಲಿ ಕೂರಲಾರರು. ನನ್ನ ಇಡೀ ಪ್ರಾಕ್ಟೀಸಿನಲ್ಲಿ ಅಷ್ಟು ಅಕ್ಕರೆಯಿಂದ ಡ್ರಾಫ್ಟ್ ಮಾಡಿದ ಸಾಲು ಇನ್ನೊಂದಿಲ್ಲ. ಅದಕ್ಕೆ ಅವನು ಸಹಿ ಹಾಕಿದ, ನಿಧಾನವಾಗಿ, ಸೀರೆಗೆ ಅಂಚು ತೆಗೆಯುವ ಹಾಗೆ.

ಹೈದರಾಬಾದಿನ ಲೋಕ ಅದಾಲತ್ತಿನಲ್ಲಿ ನಮ್ಮ ಸರದಿ ಐದು ನಿಮಿಷವೂ ಹಿಡಿಯಲಿಲ್ಲ. ನಿವೃತ್ತ ಜಡ್ಜ್ ಒಬ್ಬರು ಕೇಳಿದರು, ನಾವು ಒಪ್ಪಿದೆವು, ಮೊಹರು ಬಿತ್ತು. ರೈಲಿನಲ್ಲಿ ವಾಪಸು ಬರುವಾಗ ಸಾಕಮ್ಮ ಬುತ್ತಿ ಬಿಚ್ಚಿದಳು. ಕರ್ನೂಲು ದಾಟುವ ತನಕ ಚೌಡಪ್ಪ ಸೀರೆಯ ಬಣ್ಣಗಳ ವಿಷಯ ಬಿಟ್ಟು ಬೇರೆ ಮಾತಾಡಲಿಲ್ಲ.

ಚೆಕ್ಕು ಬಂದ ಮೇಲೆ ಒಂದು ಶುಕ್ರವಾರ ಬೆಳಿಗ್ಗೆ ಬರಲೇಬೇಕೆಂದು ನನ್ನನ್ನು ಕರೆದರು. ಹೊಸ ರೇಷ್ಮೆ ಬಂದಿತ್ತು, ಹೊಸ ಹಾಸು ಹೂಡಿತ್ತು. ಕಲ್ಯಾಣದುರ್ಗದಿಂದ ರಾಮಾಂಜಿ ಜೀಪು ಯಾರಿಗೋ ಕೊಟ್ಟು, ಹೆಂಡತಿ ಮಕ್ಕಳ ಸಮೇತ ಬಂದಿದ್ದ. “ಲಾಯರಮ್ಮ, ಮೂರು ವರ್ಷ ಗೇರ್ ಹಾಕಿದ ಕೈ. ಸೀರೇಲಿ ಸೆಕೆಂಡ್ ಗೇರ್ ಬಿದ್ದೀತು, ನೋಡ್ಕಳ್ಳಿ” ಎಂದು ನಗಿಸಿದ.

“ಮುಚ್ಕಂಡು ಕುಂತ್ಕಳ್ಳಲಾ” ಎಂದ ಚೌಡಪ್ಪ. ಅವನ ದನಿಯಲ್ಲಿ ಯಜಮಾನಿಕೆಯ ಠೀವಿ ನಾನು ಕೇಳಿದ್ದು ಅವತ್ತೇ ಮೊದಲು.

ಪೂಜೆಯಾಯಿತು. ರಾಮಾಂಜಿ ಗುಂಡಿಗೆ ಇಳಿದ. ಸಾಕಮ್ಮ ಮಗ್ಗದ ಈಚೆ ನಿಂತಿದ್ದಳು. ಮೊದಲ ಎಳೆ ಚೌಡಪ್ಪನದು. ಪಕ್ಕದಲ್ಲಿ ಕಾಲು ಚಾಚಿ ಕೂತು ಹಗ್ಗ ಎಳೆದ. ಲಾಳಿ ಓಡಿತು, ಹಣಿಗೆ ಬಡಿಯಿತು, ಟಕ್. ಎಲ್ಲರೂ ಕೈಮುಗಿದೆವು. ಸಾಕಮ್ಮನೂ ಮುಗಿದಳು. ಆಮೇಲೆ, ಇಷ್ಟು ವರ್ಷದ ರೂಢಿಯಲ್ಲವೇ, ಅವಳಿಗೇ ಗೊತ್ತಿಲ್ಲದ ಹಾಗೆ ತಿರುಗಿ, ಗೋಡೆಯ ಗೂಡಿನಲ್ಲಿ ಟಿಫನ್ ಡಬ್ಬಿಗಾಗಿ ತಡಕಾಡಿ, ಬಾಗಿಲ ಕಡೆ ಹೊರಟಳು.

ಹಿಂದೆ ಮತ್ತೆ ಟಕ್ ಎಂದಿತು. ಅವಳು ಹೊಸ್ತಿಲ ಮೇಲೆ ನಿಂತಳು. ಮತ್ತೊಂದು. ಮತ್ತೊಂದು. ರಾಮಾಂಜಿಯ ಕಾಲಿಗೆ ಹಳೆಯ ಲಯ ನೆನಪಾಗಿ, ಶಬ್ದಗಳ ನಡುವಿನ ಅಂತರ ಕಡಿಮೆಯಾಗುತ್ತಾ ಹೋಗಿ, ಕೋಣೆಯೆಲ್ಲ ತುಂಬಿಕೊಂಡಿತು.

ಸಾಕಮ್ಮ ನನ್ನ ತೋಳು ಹಿಡಿದುಕೊಂಡಳು. “ಇನ್ನೂ ನಡೀತಾನೇ ಐತಲ್ಲಮ್ಮ” ಎಂದಳು.

ಆಮೇಲೆ ಒಳಗೆ ಬಂದು, ಗೋಡೆಗೆ ಒರಗಿ, ಹಗಲು ಹೊತ್ತಿನಲ್ಲಿ ಸುಮ್ಮನೆ ಕೂತಳು.